ಕಂದಕೂರಿನ ಗುಡ್ಡದ ಮೇಲೆ ಪಂಚಮಿ ದಿನ ಚೇಳು ಹಿಡಿದಿದ್ದು

ನಾಗರ ಪಂಚಮಿ ಅಂದ್ರೆ ನಮ್ಮ ಹಾಸನದ ಕಡೆ ಬೆಳಿಗ್ಗೆ ಸ್ನಾನ ಮಾಡಿ ಹುತ್ತಕ್ಕೆ ತನಿ ಎರೆದು, ಹುತ್ತದ ಮಣ್ಣು ಹಣೆಗೆ ಹಚ್ಕೊಂಡು ಮನೆಗೆ ಬರೋದು ಅಷ್ಟೇ. ಯಾದಗಿರಿ ಜಿಲ್ಲೆ ಗುರುಮಠಕಲ್ ತಾಲ್ಲೂಕಿನ ಕಂದಕೂರಲ್ಲಿ ಅದೇ ದಿನ ಊರಿನವರು, ಪಕ್ಕದ ತೆಲಂಗಾಣದಿಂದ ಬಂದವರು ಎಲ್ಲಾ ಸೇರಿ ಗುಡ್ಡ ಹತ್ತಿ, ಕಲ್ಲು ಎಬ್ಬಿಸಿ, ಅದರಡಿ ಇರೋ ಜೀವಂತ ಚೇಳನ್ನ ಬರಿಗೈಯಲ್ಲಿ ಹಿಡಿದು ಅಂಗೈ ಮೇಲೆ, ತೋಳಿನ ಮೇಲೆ, ಮುಖದ ಮೇಲೆ ಬಿಟ್ಕೊತಾರೆ, ಕೆಲವರು ನಾಲಿಗೆ ಮೇಲೂ ಇಟ್ಕೊತಾರೆ. ಗುಡ್ಡದ ಮೇಲಿರೋದು ಕೊಂಡಮಾಯಿ ದೇವಿ, ದೇವಿ ಜೊತೆ ಚೇಳಿನ ಮೂರ್ತಿಗೂ ಪೂಜೆ. ಆ ದಿನ ಚೇಳು ಯಾರಿಗೂ ಕಡಿಯಲ್ಲ, ಕಡಿದ್ರೂ ದೇವಿ ಭಂಡಾರ (ಪೂಜೆಯ ಅರಿಶಿನ ಪುಡಿ) ಹಚ್ಚಿದ್ರೆ ಇಳಿದುಹೋಗುತ್ತೆ ಅನ್ನೋದು ನಂಬಿಕೆ.

ನಾನು ನರ್ಸಿಂಗ್ ಓದಿದವಳು, ಸಿಎಚ್‌ಒ, ಅಂದ್ರೆ ಸಮುದಾಯ ಆರೋಗ್ಯ ಅಧಿಕಾರಿ ಆಗಿ ಈ ಜಿಲ್ಲೆಗೆ ಬಂದಿದ್ದು. ಬರುವಾಗ ಮನೇಲಿ ತುಂಬಾ ಹೆದರಿದ್ರು, ಯಾಕಂದ್ರೆ 2019ರ ಡಿಸೆಂಬರ್ 26ರ ಸೂರ್ಯಗ್ರಹಣದ ದಿನ ಕಲಬುರಗಿ ಹತ್ರ ತಾಜಸುಲ್ತಾನಪುರದಲ್ಲಿ ಅಂಗವಿಕಲ ಮಕ್ಕಳನ್ನ, ವಾಸಿಯಾಗುತ್ತೆ ಅನ್ನೋ ನಂಬಿಕೇಲಿ, ಕುತ್ತಿಗೆವರೆಗೂ ಮಣ್ಣಲ್ಲಿ ಹೂತಿದ್ದನ್ನ ಟಿವಿಯಲ್ಲಿ ಎಲ್ಲರೂ ನೋಡಿದ್ರಲ್ಲ, ಅಮ್ಮನ ತಲೇಲಿ ಕಲಬುರಗಿ ಯಾದಗಿರಿ ಎಲ್ಲಾ ಒಂದೇ, ಅಲ್ಲಿ ಜನ ಹಿಂಗೇನೇ ಅಂತ ಕೂತುಬಿಟ್ಟಿತ್ತು. ನನ್ನ ತಲೇಲೂ ಸ್ವಲ್ಪ ಇತ್ತು. ಇಲ್ಲಿಗೆ ಬಂದ ಮೇಲೆ ಮೈಲಾಪುರದ ಮಲ್ಲಯ್ಯನ ಜಾತ್ರೆ ವಿಷಯ ಕೇಳಿದೆ. ಸಂಕ್ರಾಂತಿಗೆ ಪಲ್ಲಕ್ಕಿ ಮೇಲೆ ಕುರಿಮರಿ ಎಸೀತಿದ್ರಂತೆ, ಜಿಲ್ಲಾಡಳಿತ ಅದನ್ನ ನಿಷೇಧ ಮಾಡಿ ದಾರೀಲಿ ಚೆಕ್‌ಪೋಸ್ಟ್ ಹಾಕಿ ಮರಿಗಳನ್ನ ಅಲ್ಲೇ ಇಳಿಸಿಕೊಳ್ಳೋ ವ್ಯವಸ್ಥೆ ಮಾಡಿದೆ. ಅಂದ್ರೆ ಜಾತ್ರೆ ನಿಲ್ಲಲಿಲ್ಲ, ಮರಿ ಎಸೆಯೋದಕ್ಕೆ ತಡೆ ಬಿತ್ತು. ಈ ಮಾತು ನನ್ನ ತಲೇಲಿ ಉಳಿದಿತ್ತು, ಮುಂದೆ ಕೆಲಸಕ್ಕೆ ಬಂತು.

ಚೇಳಿನ ಜಾತ್ರೆಗೆ ನನ್ನ ಕರೆದಿದ್ದು ನಮ್ಮ ಆಶಾ ಕಾರ್ಯಕರ್ತೆ, ನಾನು ಆಶಾ ಅಕ್ಕ ಅಂತೀನಿ. ಅವರ ತವರು ಆ ಕಡೆ, ಚಿಕ್ಕಂದಿನಿಂದ ಪ್ರತಿ ವರ್ಷ ಗುಡ್ಡ ಹತ್ತಿದವರು. "ಮೇಡಮ್ಮೋರ, ನೀವ್ ಬರೇ ಚೇಳು ಕಡಿದವರ್ನ ನೋಡೀರಿ, ಚೇಳು ಕಡಿಯಲಾರದವರ್ನ ಒಮ್ಮೆ ನೋಡ್ರಿ ಬರ್ರಿ" ಅಂದ್ರು. ಚೇಳು ಕಡಿದ ಕೇಸ್ ನಾನು ಟ್ರೈನಿಂಗ್‌ನಲ್ಲಿದ್ದಾಗಲೇ ನೋಡಿದ್ದೆ. ಒಂದು ಪುಟ್ಟ ಹುಡುಗಿ, ಬಟ್ಟೆ ಒದ್ದೆಯಾಗೋಷ್ಟು ಬೆವರು, ಒಂದೇ ಸಮ ವಾಂತಿ, ಕೈಕಾಲು ಮುಟ್ಟಿದ್ರೆ ಐಸ್. ಬದುಕಿತು ಪುಣ್ಯಕ್ಕೆ. ಆ ಮಗುವಿನ ಕಾಲು ತಣ್ಣಗಿದ್ದಿದ್ದು ನನ್ನ ಕೈಗೆ ಈಗಲೂ ನೆನಪಿದೆ, ಹಂಗಾಗಿ ಆಶಾ ಅಕ್ಕ ಕರೆದಾಗ ಖುಷಿಯಿಂದ ಹೂಂ ಅಂದೆ ಅಂತ ಹೇಳಲ್ಲ. ಬಿಪಿ ಮಷಿನ್ನು, ಪಲ್ಸ್ ಆಕ್ಸಿಮೀಟರ್ ಬ್ಯಾಗಲ್ಲಿ ಹಾಕ್ಕೊಂಡು, ಕಾಲಿಗೆ ಶೂ ಹಾಕ್ಕೊಂಡು ಹೊರಟೆ.

2024ರ ಆಗಸ್ಟ್ 9, ಶುಕ್ರವಾರ. ಹಿಂದಿನ ದಿನ ಮಳೆ ಹೊಡೆದು ಹೊಲದಲ್ಲೆಲ್ಲಾ ಹತ್ತಿ, ತೊಗರಿ, ಹೆಸರು ಹಸಿರಾಗಿ ನಿಂತಿತ್ತು. ಊರೊಳಗೆ ಬೇವಿನ ಮರಕ್ಕೆಲ್ಲಾ ಜೋಕಾಲಿ ಕಟ್ಟಿದ್ರು, ತವರಿಗೆ ಬಂದ ಹೆಣ್ಣುಮಕ್ಕಳು ಹೊಸ ಸೀರೆ ಉಟ್ಕೊಂಡು ಜೀಕ್ತಾ ಇದ್ರು, ಆಶಾ ಅಕ್ಕನ ತವರುಮನೇಲಿ ಕೂತಿದ್ದೇ ತಡ ತಟ್ಟೆ ತುಂಬಾ ಜೋಳದ ಅಳ್ಳು, ಶೇಂಗಾ ಉಂಡಿ, ಎಳ್ಳಿನ ಉಂಡಿ ತಂದಿಟ್ರು, ತಿನ್ನದೆ ಎದ್ದೇಳೋಕೆ ಬಿಡಲಿಲ್ಲ. ಅರ್ಧ ಮಾತು ಕನ್ನಡ ಅರ್ಧ ಮಾತು ತೆಲುಗು, ಯಾವಾಗ ಯಾವುದಕ್ಕೆ ಹೊರಳ್ತಾರೆ ಅಂತ ಗೊತ್ತೇ ಆಗಲ್ಲ. ಇಷ್ಟೆಲ್ಲಾ ಸಡಗರ ನೋಡ್ತಾ ಇದ್ರೆ ಇನ್ನೊಂದು ಗಂಟೇಲಿ ಇದೇ ಜನ ಚೇಳು ಹಿಡೀತಾರೆ ಅಂತ ಅನಿಸೋದೇ ಇಲ್ಲ.

ಗುಡ್ಡ ಬಹಳ ಎತ್ತರ ಏನಲ್ಲ, ಆದ್ರೆ ಬಂಡೆ ಒದ್ದೆಯಾಗಿ ಜಾರ್ತಿತ್ತು. ಅರ್ಧ ದಾರೀಲೇ ಶುರು. ಒಬ್ಬ ಹುಡುಗ, ಕಾಲೇಜು ಓದೋ ವಯಸ್ಸು, ಎದುರಿಂದ ಇಳಿದು ಬರ್ತಾ ಇದ್ದ, ಒಂದು ಕೈಯಲ್ಲಿ ಮೊಬೈಲು, ಇನ್ನೊಂದು ಕೈ ಮಣಿಕಟ್ಟಿನ ಮೇಲೆ ಚೇಳು. ಗಡಿಯಾರ ಕಟ್ಕೊಂಡಷ್ಟೇ ಆರಾಮಾಗಿ. ನನಗೆ ಬಾಯಿ ಒಣಗಿತು. ಮೇಲೆ ಹೋದಷ್ಟೂ ಎಲ್ಲಿ ನೋಡಿದ್ರೂ ಬಗ್ಗಿದ ಬೆನ್ನುಗಳೇ, ಗಂಡಸರು, ಹೆಂಗಸರು, ಮುದುಕರು, ಸಣ್ಣ ಮಕ್ಕಳು ಕೂಡ, ಎಲ್ಲರೂ ಕಲ್ಲು ಎತ್ತಿ ನೋಡ್ತಾ ಇದ್ರು, ಸಿಕ್ಕಿದ ಕೂಡಲೇ ಒಂದು ಕೂಗು, ಸುತ್ತ ಗುಂಪು, ಫೋಟೋ. ಒಬ್ಬ ತಂದೆ ತನ್ನ ಮೂರೋ ನಾಲ್ಕೋ ವರ್ಷದ ಮಗನ ಕೆನ್ನೆ ಮೇಲೆ ಚೇಳು ಬಿಟ್ಟ. ಮಗು ಅಳಲಿಲ್ಲ, ಕಣ್ಣು ಮಾತ್ರ ಗಟ್ಟಿಯಾಗಿ ಮುಚ್ಚಿಕೊಂಡಿತ್ತು. ನನಗೆ ತಡೀಲಿಲ್ಲ, "ಅಣ್ಣಾ ತೆಗೀರಿ ದಯವಿಟ್ಟು" ಅಂದೆ. ಆತ ತೆಗೆದ, ಸಿಟ್ಟಾಗಲಿಲ್ಲ, "ಏನಾಗಲ್ರಿ ಅಕ್ಕಾ, ಅವ್ವ ನೋಡ್ಕೋತಾಳ" ಅಂತ ನಕ್ಕು ಮುಂದೆ ಹೋದ. ಆ ಮುಚ್ಚಿದ ಕಣ್ಣು ನೋಡಿದಾಗ ನನಗೆ ತಾಜಸುಲ್ತಾನಪುರದ ಆ ಮಕ್ಕಳೇ ಎದುರಿಗೆ ಬಂದ್ರು. ದೊಡ್ಡವರು ತಮ್ಮ ಕೈಗೆ ತಾವು ಬಿಟ್ಕೊಳ್ಳೋದು ಒಂದು, ಬೇಡ ಅನ್ನೋಕೆ ಬರದ ಮಗುವಿನ ಮೇಲೆ ಬಿಡೋದು ಬೇರೇನೇ ಒಂದು. ಇದನ್ನ ನಾನು ಅವತ್ತೂ ಹೇಳಿದೆ, ಇವತ್ತೂ ಹೇಳ್ತೀನಿ.

ಗುಡಿ ಮುಂದೆ ಕಾಯಿ ಒಡೆಸಿ, ಭಂಡಾರ ಹಚ್ಚಿಸಿಕೊಂಡು ಆಶಾ ಅಕ್ಕ ನನ್ನನ್ನ ಅವರ ದೊಡ್ಡಮ್ಮನ ಹತ್ರ ಕರ್ಕೊಂಡು ಹೋದ್ರು. ಎಲ್ಲರೂ ಅವರನ್ನ ಆಯಿ ಅಂತಾರೆ. ಹಲ್ಲಿಲ್ಲದ ಬಾಯಿ, ಮುಂಗೈ ತುಂಬಾ ಹಸಿರು ಹಚ್ಚೆ, ಬೆನ್ನು ಬಾಗಿದೆ ಆದ್ರೆ ಕಲ್ಲು ಎತ್ತೋ ಕೈ ನಡುಗಲ್ಲ. ಆಯಿ ಹತ್ರ ಕೂತ ಮೇಲೆ ನಾನು ನೋಡಿದ್ದು ಗುಂಪಿನ ಗಲಾಟೆ ಅಲ್ಲ, ಒಂದು ವಿದ್ಯೆ ಅಂತಲೇ ಹೇಳಬೇಕು. ಚಪ್ಪಟೆ ಕಲ್ಲನ್ನೇ ಹುಡುಕ್ತಾರೆ, ದುಂಡಗಿನ ಕಲ್ಲು ಮುಟ್ಟಲ್ಲ. ಕಲ್ಲಿನ ಆಚೆ ಅಂಚು ಹಿಡಿದು ತಮ್ಮ ಕಡೆಗೆ ಎಬ್ಬಿಸ್ತಾರೆ, ಅಂದ್ರೆ ಕಲ್ಲೇ ತಮಗೂ ಚೇಳಿಗೂ ನಡುವೆ ಅಡ್ಡ ನಿಲ್ಲುತ್ತೆ, ಓಡೋ ಹುಳ ಆಚೆ ಕಡೆ ಓಡುತ್ತೆ. ಬೆರಳು ಕಲ್ಲಿನಡಿ ತೂರಿಸೋದೇ ಇಲ್ಲ. ಎಬ್ಬಿಸಿದ ಮೇಲೆ ಒಂದು ಗಳಿಗೆ ಸುಮ್ನೆ ನೋಡ್ತಾರೆ. ಚೇಳು ಬಾಲ ಮಡಚಿ ಮೇಲೆತ್ತಿ ನಿಂತಿದ್ರೆ ಅದನ್ನ ಬಿಟ್ಟುಬಿಡ್ತಾರೆ, ಮಂಕಾಗಿ ಬಾಲ ಪಕ್ಕಕ್ಕೆ ಹಾಕ್ಕೊಂಡು ಕೂತಿದ್ರೆ ಹೆಬ್ಬೆರಳು ತೋರುಬೆರಳಲ್ಲಿ ಕೊಂಡಿ ಇರೋ ಆ ಗುಂಡನ್ನೇ ಎರಡೂ ಬದಿಯಿಂದ ಮೆಲ್ಲಗೆ ಹಿಡಿದು ಎತ್ತಿ ಅಂಗೈ ಮೇಲೆ ಇಳಿಸ್ತಾರೆ. ಒತ್ತಲ್ಲ, ಮುಷ್ಟಿ ಕಟ್ಟಲ್ಲ. ಅದು ನಡೆದಂಗೆಲ್ಲಾ ಅಂಗೈ ತಿರುಗಿಸ್ತಾ ದಾರಿ ಮಾಡಿ ಕೊಡ್ತಾರೆ.

ಚೇಳು ರಾತ್ರಿ ತಿರುಗೋ ಜೀವ, ಹಗಲಲ್ಲಿ ಕಲ್ಲಿನಡಿ ಅಡಗಿ ಕೂತಿರುತ್ತೆ. ಬೇಟೆ ಹಿಡಿಯೋಕೆ ಮತ್ತೆ ಪ್ರಾಣ ಉಳಿಸ್ಕೊಳ್ಳೋಕೆ ವಿಷ ಬೇಕು ಅದಕ್ಕೆ, ಸುಮ್ ಸುಮ್ನೆ ಖರ್ಚು ಮಾಡಲ್ಲ, ಕಾಲ ಕೆಳಗೆ ಸಿಕ್ಕಿ ಒತ್ತಿದಾಗ, ಹಾಸಿಗೇಲಿ ಶೂ ಒಳಗೆ ಅದುಮಿದಾಗ ಕಡಿಯೋದೇ ಹೆಚ್ಚು. ಆಯಿಯ ಕೈಯಲ್ಲಿ ಅದಕ್ಕೆ ಒತ್ತಡವೇ ಬೀಳ್ತಾ ಇರಲಿಲ್ಲ. ದೇವಿ ಕಾಯ್ತಾಳೆ ಅಂತ ಆಯಿ ಹೇಳ್ತಾರೆ, ಆ ನಂಬಿಕೆಯಿಂದ ಕೈ ನಡುಗಲ್ಲ, ಕೈ ನಡುಗದೇ ಇರೋದ್ರಿಂದ ಚೇಳೂ ಗಾಬರಿ ಬೀಳಲ್ಲ, ನನಗೆ ಅರ್ಥ ಆಗಿದ್ದು ಹಿಂಗೆ. ಆದ್ರೆ ಗುಡ್ಡದ ಮೇಲೆ ಬಂದವರೆಲ್ಲಾ ಆಯಿ ಅಲ್ಲವಲ್ಲ. ರೀಲ್ಸ್ ಮಾಡೋಕೆ ಬಂದ ಹುಡುಗರಿಗೆ ಈ ಯಾವ ಪಾಠವೂ ಗೊತ್ತಿಲ್ಲ, ಚೇಳನ್ನ ಒಬ್ಬರಿಂದ ಒಬ್ಬರಿಗೆ ಎಸೆದಾಡ್ತಿದ್ದನ್ನೂ ನೋಡಿದೆ.

ಒಂದು ಕಲ್ಲು ಎಬ್ಬಿಸಿದಾಗ ಆಯಿ ತಟ್ಟನೆ ನಿಂತ್ರು. "ಬಾ ಇಲ್ಲಿ, ನೋಡು" ಅಂತ ನನ್ನ ಕೈ ಎಳೆದ್ರು. ಕಂದು ಬಣ್ಣದ ಚೇಳು, ಅದರ ಬೆನ್ನ ಮೇಲೆ ಬೆಳ್ಳಗೆ ಏನೋ ಮೆತ್ಕೊಂಡಿತ್ತು. ಮೊದಲು ಬೂಷ್ಟು ಅಂದ್ಕೊಂಡೆ, ಬಗ್ಗಿ ನೋಡಿದ್ರೆ ಮರಿಗಳು, ಒಂದರ ಮೇಲೊಂದು, ಒಂದೊಂದಕ್ಕೂ ಅಕ್ಕಿಕಾಳಿನಷ್ಟೂ ಇಲ್ಲದ ಮೈ, ಅದಕ್ಕೂ ಪುಟ್ಟ ಬಾಲ. ಚೇಳು ಮೊಟ್ಟೆ ಇಡಲ್ಲ, ಮರಿ ಹಾಕುತ್ತೆ, ಹುಟ್ಟಿದ ಮರಿ ಮೊದಲ ಸಲ ಪೊರೆ ಬಿಡೋವರೆಗೂ ತಾಯಿ ಬೆನ್ನ ಮೇಲೇ ಇರುತ್ತೆ, ಇದನ್ನ ಓದಿದ್ದೆ, ಕಣ್ಣಿಂದ ನೋಡಿದ್ದು ಅದೇ ಮೊದಲು. "ಬಾಣಂತಿ ಅದಾಳ, ಮುಟ್ಟಬಾರ್ದು" ಅಂದ್ರು ಆಯಿ. ಕಲ್ಲನ್ನ ಎಷ್ಟು ಮೆತ್ತಗೆ ವಾಪಸ್ ಇಟ್ರು ಅಂದ್ರೆ, ಒಂದು ಅಂಚಿನ ಕೆಳಗೆ ಚಿಕ್ಕ ಬೆಣಚು ಕಲ್ಲು ಸಿಗಿಸಿ, ಭಾರ ಕೆಳಗೆ ಬೀಳದ ಹಂಗೆ. ಪಕ್ಕದಲ್ಲಿ ಬರ್ತಿದ್ದ ಹುಡುಗರಿಗೆ "ಏ, ಈ ಕಲ್ಲು ಬಿಡ್ರೋ" ಅಂತ ಜೋರು ಮಾಡಿದ್ರು. ದಿನಾ ಬಾಣಂತಿಯರ ಮನೆಗೆ ಹೋಗಿ ಮಗು ತೂಕ ನೋಡೋದು ನನ್ನ ಕೆಲಸ, ಆ ಮಾತು ಆಯಿ ಬಾಯಲ್ಲಿ ಕೇಳಿ ನನ್ನ ಮೈಯೆಲ್ಲಾ ಜುಂ ಅಂತು. ಹೆದರಿಕೆ ಹೋಯ್ತು ಅಂತ ಅಲ್ಲ, ಆದ್ರೆ ಈ ಜನರನ್ನ ಕಣ್ಣು ಮುಚ್ಚಿ ಮೂಢರು ಅನ್ನೋದು ನನ್ನಿಂದ ಆಮೇಲೆ ಆಗಲೇ ಇಲ್ಲ.

ನಾನೂ ಹಿಡಿದೆ. ಆಯಿ ಕೇಳಿದ್ರು, ಬಲವಂತ ಮಾಡಲಿಲ್ಲ. "ಕೈ ಬಿಗಿ ಹಿಡಿಬ್ಯಾಡ. ಉಸಿರು ಬಿಡು. ಅದು ನಿನ್ನ ನೋಡ್ಲಕ್ ಬಂದಿಲ್ಲ, ತನ್ನ ದಾರಿ ಹಿಡದು ಹೊಂಟದ" ಅಂತ ಹೇಳ್ತಾ ತಮ್ಮ ಕೈ ನನ್ನ ಕೈಗೆ ತಾಗಿಸಿ ಇಟ್ರು. ಚೇಳು ಅವರ ಬೆರಳಿಂದ ನನ್ನ ಮುಂಗೈಗೆ ದಾಟಿತು. ಭಾರವೇ ಇಲ್ಲ. ಎಂಟು ಕಾಲಿನ ತುದಿ ಒಂದೊಂದೇ ಚರ್ಮಕ್ಕೆ ಚುಚ್ಚಿದಂಗೆ, ಕಚಗುಳಿಗೂ ಮುಳ್ಳಿಗೂ ನಡುವಿನ ಒಂದು ಸ್ಪರ್ಶ. ಬಾಲದ ಗಂಟುಗಳು ಹತ್ತಿರದಿಂದ ಎಷ್ಟು ಸ್ಪಷ್ಟ ಕಾಣ್ತವೆ ಅಂದ್ರೆ ತುದಿಯ ಕೊಂಡಿ ಒಂದು ಕಡೆ ಕಪ್ಪಾಗಿದ್ದೂ ಕಾಣಿಸ್ತು. ಮೊಣಕೈ ಕಡೆ ಹೊರಟಾಗ ಆಯಿ ಕೈ ಅಡ್ಡ ಇಟ್ಟು ಅದನ್ನ ತಮ್ಮ ಕಡೆ ಹತ್ತಿಸಿಕೊಂಡ್ರು, ತಂದ ಕಲ್ಲಿನಡಿಗೇ ಬಿಟ್ರು. ಆಮೇಲೆ ನನ್ನ ಕಾಲು ತುಂಬಾ ಹೊತ್ತು ನಡುಗ್ತಾ ಇತ್ತು.

ಇಲ್ಲಿಗೇ ಮುಗಿದಿದ್ರೆ ನಾನು ಇದನ್ನ ಬರೀತಾನೇ ಇರಲಿಲ್ಲವೇನೋ.

ಮಧ್ಯಾಹ್ನ ಇಳಿಯೋ ಹೊತ್ತಿಗೆ ಗುಡಿ ಹಿಂದೆ ಗದ್ದಲ. ಎಂಟೊಂಬತ್ತು ವರ್ಷದ ಹುಡುಗ, ಕಲ್ಲಿನಡಿ ನೇರ ಕೈ ಹಾಕಿದ್ದಾನೆ, ಬೆರಳಿಗೆ ಕಡಿದಿದೆ. ಕಿರುಚಾಟ ಕೇಳೋಕಾಗಲ್ಲ. ಅಷ್ಟರಲ್ಲಿ ಭಂಡಾರ ಹಚ್ಚಿ ಆಗಿತ್ತು, ಬೆರಳು ಪೂರ್ತಿ ಹಳದಿ. ಅಜ್ಜಿ ಅವನನ್ನ ತೊಡೆ ಮೇಲೆ ಹಾಕ್ಕೊಂಡು "ಇಳೀತದ ಇಳೀತದ" ಅಂತಿದ್ರು. ನಾನು ನರ್ಸ್ ಅಂತ ಹೇಳಿ ನಾಡಿ ಹಿಡಿದೆ, ವೇಗ ಇತ್ತು, ಅಳ್ತಾ ಇರೋ ಮಗೂಗೆ ಅದು ಇದ್ದೇ ಇರುತ್ತೆ. ಪಾದ ಮುಟ್ಟಿದೆ, ಬೆಚ್ಚಗಿತ್ತು. ಬೆವರು ಹಣೆ ಮೇಲೆ ಮಾತ್ರ. ವಾಂತಿ ಇಲ್ಲ. ಸಮಾಧಾನ ಆಯ್ತು, ಆದ್ರೆ ಇಷ್ಟಕ್ಕೇ ಸುಮ್ನಿರೋ ಹಂಗಿಲ್ಲ. ಯಾಕಂದ್ರೆ ನಮ್ಮ ದೇಶದ ಚೇಳುಗಳಲ್ಲಿ ಹೆಚ್ಚು ಅಪಾಯ ಇರೋದು ಆ ಸಣ್ಣ ಕೆಂಪು ಚೇಳಿಂದ, ದಪ್ಪ ಇಕ್ಕಳದ ದೊಡ್ಡ ಕರಿ ಚೇಳಿಂದ ಅಲ್ಲ. ಕೆಂಪು ಚೇಳಿನ ವಿಷ ನರಗಳನ್ನ ಕೆರಳಿಸಿ ಮೈಯೊಳಗೆ ಅಡ್ರಿನಲಿನ್ ಥರದ ಪದಾರ್ಥ ಒಮ್ಮೆಗೇ ಸುರಿಯೋ ಹಂಗೆ ಮಾಡುತ್ತೆ, ರಕ್ತನಾಳ ಬಿಗಿದು ಬಿಪಿ ಏರುತ್ತೆ, ಹೃದಯ ಸೋಲುತ್ತೆ, ಕೊನೆಗೆ ಶ್ವಾಸಕೋಶಕ್ಕೆ ನೀರು ತುಂಬುತ್ತೆ. ಮೊದಲು ಆರಾಮಿದ್ದ ಮಗು ಕೆಲವು ಗಂಟೆ ಬಿಟ್ಟು ಕುಸಿಯಬಹುದು. ದೊಡ್ಡವರಿಗಿಂತ ಮಕ್ಕಳಿಗೇ ಅಪಾಯ ಜಾಸ್ತಿ.

ಇದಕ್ಕೆ ಔಷಧಿ ಇದೆ ಅನ್ನೋದನ್ನ ನಾನು ಎಲ್ಲರಿಗೂ ಹೇಳಬೇಕು ಅಂತ ಆಸೆ. ಮಹಾರಾಷ್ಟ್ರದ ಕೊಂಕಣದ ಮಹಾಡ್ ಅನ್ನೋ ಊರಲ್ಲಿ ಡಾ. ಹಿಮ್ಮತರಾವ್ ಬಾವಸ್ಕರ್ ಅಂತ ಒಬ್ಬರು ವೈದ್ಯರು, ಕಣ್ಣೆದುರೇ ಚೇಳು ಕಡಿದು ಮಕ್ಕಳು ಸಾಯೋದನ್ನ ನೋಡಿ ನೋಡಿ, 1980ರ ದಶಕದಲ್ಲಿ ಪ್ರಾಜೋಸಿನ್ ಅನ್ನೋ ಬಿಪಿ ಮಾತ್ರೆಯನ್ನ ಇದಕ್ಕೆ ಬಳಸಿ ತೋರಿಸಿದ್ರು, ಸಾವು ತೀರಾ ಕಡಿಮೆ ಆಯ್ತು. ದುಬಾರಿ ಔಷಧಿ ಅಲ್ಲ, ಬಾಯಿಗೆ ಕೊಡೋ ಮಾತ್ರೆ. 2022ರಲ್ಲಿ ಅವರಿಗೆ ಪದ್ಮಶ್ರೀ ಬಂತು. ಒಂದು ಹಳ್ಳಿಗಾಡಿನ ಆಸ್ಪತ್ರೇಲಿ ಕೂತ ವೈದ್ಯರು ಇಷ್ಟು ದೊಡ್ಡ ಕೆಲಸ ಮಾಡಿದ್ದು ನೆನೆಸ್ಕೊಂಡ್ರೆ ನನಗೆ ಕೈ ಮುಗೀಬೇಕು ಅನ್ಸುತ್ತೆ. ಆದ್ರೆ ಆ ಮಾತ್ರೆ ಕೆಲಸ ಮಾಡಬೇಕಂದ್ರೆ ಮಗು ಆಸ್ಪತ್ರೆಗೆ ಹೊತ್ತಿಗೆ ಸರಿಯಾಗಿ ಹೋಗಬೇಕು.

ಅಜ್ಜಿ ಒಪ್ಪಲಿಲ್ಲ. "ದೇವಿ ಮುಂದ ಸೂಜಿ ಗೀಜಿ ಬ್ಯಾಡವ್ವ, ಅವ್ವ ಮುನೀತಾಳ" ಅಂತ ಅತ್ರು. ತಾಯಿ ನನ್ನ ಮುಖ ನೋಡ್ತಾ, ಅತ್ತೆ ಮುಖ ನೋಡ್ತಾ ನಿಂತಿದ್ಲು. ರಾಜ್ಯದಲ್ಲಿ 2017ರ ಮೌಢ್ಯ ನಿಷೇಧ ಕಾಯ್ದೆ ಇದೆ, ಹಾವು ಚೇಳು ಕಡಿದವರನ್ನ ಆಸ್ಪತ್ರೆಗೆ ಹೋಗದಂತೆ ತಡೆದು ಮಂತ್ರ ತಂತ್ರ ಮಾಡೋದು ಅದರಲ್ಲಿ ಅಪರಾಧ, ನನಗೆ ಅದು ಗೊತ್ತಿತ್ತು, ಬಾಯಿ ತುದೀಲೂ ಬಂದಿತ್ತು. ಹೇಳಲಿಲ್ಲ. ಮೊಮ್ಮಗನನ್ನ ತೊಡೆ ಮೇಲೆ ಹಾಕ್ಕೊಂಡು ಅಳ್ತಿರೋ ಮುದುಕಿಗೆ ಕಾನೂನು ಹೇಳಿ ಗೆಲ್ಲೋಕಾಗಲ್ಲ. ಆಶಾ ಅಕ್ಕ ಓಡಿಹೋಗಿ ಪೂಜಾರಿ ಮುತ್ಯಾನನ್ನೇ ಕರ್ಕೊಂಡು ಬಂದ್ರು, ಜೊತೆಗೆ ಆಯಿ. ನಾನು ಮುತ್ಯಾಗೆ ಒಂದೇ ಮಾತು ಕೇಳಿದೆ, ಭಂಡಾರ ಹಚ್ಚಿದ ಮೇಲೆ ಗಾಡಿ ಹತ್ತಬಾರದು ಅಂತ ದೇವಿ ಹೇಳಿದ್ದಾಳಾ ಅಂತ. ಮುತ್ಯಾ ಸ್ವಲ್ಪ ಹೊತ್ತು ಹುಡುಗನನ್ನೇ ನೋಡಿದ್ರು. ಇನ್ನೊಂದು ಚಿಟಿಕೆ ಭಂಡಾರ ಹಣೆಗೆ ಹಚ್ಚಿ, "ಅವ್ವನ ಕೆಲಸ ಅವ್ವ ಮಾಡ್ಯಾಳ. ಈಗ ಈಕಿ ಕೆಲಸ ಈಕಿ ಮಾಡ್ಲಿ, ಕಳಿಸ್ರಿ" ಅಂದ್ರು. ಆಯಿ ಅಜ್ಜಿಯ ಕೈ ಬಿಡಿಸಿ ಹುಡುಗನನ್ನ ಎತ್ತಿ ಕೊಟ್ರು. ಅದಾದ ಮೇಲೆ ಒಬ್ಬರೂ ಅಡ್ಡ ಮಾತಾಡಲಿಲ್ಲ.

ಗುಡ್ಡದಿಂದ ಹೆಗಲ ಮೇಲೆ ಇಳಿಸಿ, ಯಾರದೋ ಬೈಕ್ ಮೇಲೆ ನಡುವೆ ಕೂರಿಸಿಕೊಂಡು ಹೋದ್ವಿ. ಆಸ್ಪತ್ರೇಲಿ ಕಡಿದ ಜಾಗಕ್ಕೆ ನೋವು ಮರಗಟ್ಟೋ ಇಂಜೆಕ್ಷನ್ ಕೊಟ್ರು, ಹತ್ತು ನಿಮಿಷದಲ್ಲಿ ಅಳು ನಿಂತಿತು, ಬಿಪಿ ನಾಡಿ ಆಗಾಗ ನೋಡ್ತಾ ಸಂಜೆ ತನಕ ಇಟ್ಕೊಂಡ್ರು, ಪ್ರಾಜೋಸಿನ್ ಬೇಕಾಗಲಿಲ್ಲ. ಹುಡುಗ ಸಂಜೆ ಹೊತ್ತಿಗೆ ಅವ್ವನ ಸೆರಗಲ್ಲಿ ಕಟ್ಟಿದ್ದ ಶೇಂಗಾ ಉಂಡಿ ಕೇಳಿ ತಿಂದ.

ಆಮೇಲೆ ನಾನು ಮಾಡಿದ್ದು ಇಷ್ಟೇ. ಹಬ್ಬ ಹತ್ತಿರ ಬಂದಾಗ ಮನೆ ಭೇಟಿಗೆ ಹೋದಲ್ಲೆಲ್ಲಾ ನಾನು, ಆಶಾ ಅಕ್ಕ ಇದನ್ನ ಹೇಳ್ತೀವಿ, ಹೇಳೋ ರೀತಿ ಮುತ್ಯಾ ಹೇಳಿಕೊಟ್ಟಿದ್ದೇ: ಭಂಡಾರ ಹಚ್ರಿ, ಹಚ್ಚಿ ಗಾಡಿ ಹತ್ರಿ. ಹಚ್ಚಬೇಡಿ ಅಂತ ಒಂದು ದಿನಾನೂ ಹೇಳಿಲ್ಲ. ಹಚ್ಚಬೇಡಿ ಅಂದಿದ್ರೆ ನಮ್ಮನ್ನ ಜಗಲಿ ಹತ್ತೋಕೂ ಬಿಡ್ತಿರಲಿಲ್ಲ.

ಜಾತ್ರೆಗೆ ಹೋಗೋರು ಇದ್ರೆ ದಯವಿಟ್ಟು ಕೇಳಿ. ಚಪ್ಪಲಿ ಬೇಡ, ಶೂ ಹಾಕ್ಕೊಳ್ಳಿ. ಕಲ್ಲಿನಡಿ ಬೆರಳು ತೂರಿಸಬೇಡಿ, ಎತ್ತಿದ ಕಲ್ಲನ್ನ ಇದ್ದಂಗೇ ಇಡಿ. ಕಡಿದ್ರೆ ಎಷ್ಟು ಹೊತ್ತಿಗೆ ಕಡೀತು ಅಂತ ನೆನಪಿಟ್ಕೊಳ್ಳಿ, ಉಂಗುರ ಬಳೆ ತೆಗೀರಿ, ಬಟ್ಟೇಲಿ ಸುತ್ತಿದ ಐಸ್ ಇಟ್ರೆ ನೋವು ತಗ್ಗುತ್ತೆ, ಬ್ಲೇಡ್ ಹಾಕೋದು, ಹಗ್ಗ ಬಿಗಿಯೋದು ಬೇಡವೇ ಬೇಡ. ಬೆವರು, ವಾಂತಿ, ಕೈಕಾಲು ತಣ್ಣಗಾಗೋದು, ಉಸಿರಾಡೋಕೆ ಕಷ್ಟ, ಇದರಲ್ಲಿ ಒಂದು ಕಂಡ್ರೂ ತಕ್ಷಣ 108ಕ್ಕೆ ಫೋನ್ ಮಾಡಿ. ಮಕ್ಕಳಿಗೆ ಕಡಿದ್ರೆ ಏನೂ ಕಾಣದೇ ಇದ್ರೂ ಕರ್ಕೊಂಡು ಹೋಗಿ. ಮತ್ತೆ ಸಣ್ಣ ಮಕ್ಕಳ ಮುಖದ ಮೇಲೆ, ನಾಲಿಗೆ ಮೇಲೆ ಚೇಳು ಬಿಡೋದನ್ನ ನಾನು ಒಪ್ಪಲ್ಲ, ಆಯಿ ಮುಂದೆ ಕೂತೇ ಹೇಳಿದ್ದೀನಿ. "ನಮ್ಮವ್ವನೂ ನಮಗ ಕಲ್ಲು ಎತ್ತೋದು ಕಲಿಸಿದ ಮ್ಯಾಲೇ ಚೇಳ ಮುಟ್ಟಲಕ್ ಬಿಟ್ಟಿದ್ಲು" ಅಂದ್ರು ಆಯಿ.